ಅಂಗೈಯ ಉಪ್ಪು

ಕಳೆದ ಮಾಘಮಾಸದಲ್ಲಿ ಗುಂಡ್ಲುಪೇಟೆ ಸೀಮೆಯ ಸದ್ಭಕ್ತರೊಬ್ಬರ ಮನೆಯಲ್ಲಿ ಮಗಳ ವಿವಾಹದ ನಿಮಿತ್ತ ಎರಡು ದಿನ ಉಳಿಯುವ ಪ್ರಸಂಗ ಒದಗಿತು. ಅವರ ತೋಟ ಬಂಡೀಪುರದ ಕಾಡಂಚಿನಲ್ಲಿದೆ. ಪಟ್ಟಣಗಳಿಂದ ಬರುವ ಅತಿಥಿಗಳಿಗಾಗಿ ನಾಲ್ಕಾರು ಕೊಠಡಿಗಳನ್ನೂ ಅವರು ಕಟ್ಟಿಸಿದ್ದಾರೆ. ಸಂಜೆಯ ಲಿಂಗಪೂಜೆಗೆ ಇನ್ನೂ ಹೊತ್ತಿದ್ದಿತು. ಮನೆಯ ಯಜಮಾನರು, "ಶಾಸ್ತ್ರಿಗಳೆ, ಹಿಂದಿನ ಜಗುಲಿಗೆ ದಯಮಾಡಿಸಬೇಕು, ನಿಮಗೊಂದು ಸೊಬಗನ್ನು ತೋರಿಸುತ್ತೇನೆ" ಎಂದು ಕರೆದೊಯ್ದರು. ಅಲ್ಲಿ ಆಗಲೇ ಹತ್ತು ಹನ್ನೆರಡು ಮಂದಿ ಮಾತಿಲ್ಲದೆ ಕುಳಿತಿದ್ದರು. ಬೇಲಿಯಾಚೆ ಐವತ್ತು ಅರವತ್ತು ಹೆಜ್ಜೆ ದೂರದಲ್ಲಿ ಒಂದು ಚಪ್ಪಟೆ ಬಂಡೆ. ತೋಟದ ಆಳಿನ ಮಗ, ಹತ್ತು ವರ್ಷದ ಹುಡುಗ, ಮಂಕರಿಯಲ್ಲಿ ಕಲ್ಲುಪ್ಪನ್ನೂ ಹುರುಳಿಯನ್ನೂ ತಂದು ಆ ಬಂಡೆಯ ಮೇಲೆ ಸುರಿದನು. ನಾಲಿಗೆಯಿಂದ ಲೊಚಗುಟ್ಟಿ ಎರಡು ಸಲ ಕರೆದನು. ಸ್ವಲ್ಪ ಹೊತ್ತಿಗೆ ಲಂಟಾನ ಪೊದೆಯ ಹಿಂದಿನಿಂದ ಒಂದು ಚುಕ್ಕೆಜಿಂಕೆ ಮೂತಿ ಚಾಚಿತು, ಅದರ ಹಿಂದೆ ಇನ್ನೊಂದು, ಆಮೇಲೆ ಏಳೆಂಟು.

ನೋಡಲು ಸೊಬಗಾಗಿಯೇ ಇದ್ದಿತು, ಸುಳ್ಳೇಕೆ ಹೇಳಲಿ? ಆದರೆ ಹುಡುಗ ಅಲ್ಲಿಂದ ಸರಿದುಹೋಗದೆ ಉಪ್ಪಿನ ಹರಳುಗಳನ್ನು ಅಂಗೈಯಲ್ಲಿಟ್ಟು ಚಾಚಿದಾಗ, ಒಂದು ಹೆಣ್ಣುಜಿಂಕೆ ಬಂದು ಅವನ ಕೈಯನ್ನು ನೆಕ್ಕತೊಡಗಿದಾಗ, ನನ್ನ ಮೈಯೆಲ್ಲ ನಡುಗಿತು. ನಾನು ಎದ್ದು ಒಳಗೆ ಹೋದೆ. ಆ ರಾತ್ರಿ ಪ್ರಸಾದವೂ ಗಂಟಲಲ್ಲಿ ಇಳಿಯಲಿಲ್ಲ. ಯಜಮಾನರು ನನ್ನ ದೇಹಸ್ಥಿತಿ ಸರಿಯಿಲ್ಲವೆಂದೇ ಭಾವಿಸಿದರು. ಕಾರಣವನ್ನು ಅವರಿಗೆ ಹೇಳಬೇಕಾದರೆ ಐವತ್ತೈದು ವರ್ಷ ಹಿಂದಕ್ಕೆ ಹೋಗಬೇಕಾಗಿತ್ತು. ಹೇಳಿದೆ. ಈಗ ವಾಚಕರಿಗೂ ಹೇಳುತ್ತೇನೆ.

ನನ್ನ ಹುಟ್ಟೂರು ರಾಣೆಬೆನ್ನೂರು ಸೀಮೆಯ ಎರೆಭೂಮಿಯ ಒಂದು ಹಳ್ಳಿ. ಅಲ್ಲಿ ಕೃಷ್ಣಮೃಗವನ್ನು ಚಿಗರಿ ಎನ್ನುತ್ತಾರೆ. ಶಾಸ್ತ್ರಜ್ಞರು ಚಿಗರಿಯನ್ನು ಜಿಂಕೆಯ ಕುಲಕ್ಕೆ ಸೇರಿಸುವುದಿಲ್ಲ. ಜಿಂಕೆಯ ಕವಲುಗೊಂಬು ಕಾಲಕಾಲಕ್ಕೆ ಉದುರಿ ಮತ್ತೆ ಬೆಳೆಯುತ್ತದೆ, ಚಿಗರಿಯ ತಿರುಚುಗೊಂಬು ಬದುಕಿರುವವರೆಗೂ ಉದುರದು. ನಮ್ಮೂರವರಿಗೆ ಈ ಭೇದ ಬೇಕಾಗಿರಲಿಲ್ಲ, ಎಲ್ಲವೂ ಜಿಂಕೆಯೇ. 1968ರ ಮಳೆಗಾಲದ ಕೊನೆಯಲ್ಲಿ ನಮ್ಮ ಆಳುಮಗ ಹೊಲದ ಬದುವಿನ ಹುಲ್ಲಿನಲ್ಲಿ ಒಂದು ಚಿಗರಿಮರಿಯನ್ನು ಕಂಡು, ತಾಯಿ ಬಿಟ್ಟುಹೋಗಿದೆ ಎಂದುಕೊಂಡು ಎತ್ತಿಕೊಂಡು ಬಂದನು. ತಾಯಿ ಬಿಟ್ಟುಹೋಗಿರಲಿಲ್ಲ. ಎಳೆಯ ಮರಿಯನ್ನು ಹುಲ್ಲಿನಲ್ಲಿ ಅಡಗಿಸಿಟ್ಟು ಮೇಯಲು ಹೋಗುವುದು, ಹೊತ್ತಿಗೆ ಬಂದು ಹಾಲೂಡುವುದು ಆ ಜಾತಿಯ ನಡೆವಳಿ. ಇದು ನಮಗೆ ಆಗ ತಿಳಿದಿರಲಿಲ್ಲ. ಇಂದಿಗೂ ಎಷ್ಟೋ ದಯಾವಂತರು ತಿಳಿಯದೆ ಇಂಥ ಮರಿಗಳನ್ನು ತಾಯಿಯಿಂದ ಅಗಲಿಸುತ್ತಿದ್ದಾರೆ.

ಅವ್ವ ಆ ಮರಿಗೆ ಆಡಿನ ಹಾಲನ್ನು ಬತ್ತಿಯಿಂದ ಕುಡಿಸಿದಳು. ನಾನು ಅದಕ್ಕೆ ಚೆನ್ನ ಎಂದು ಹೆಸರಿಟ್ಟು ಕೊರಳಿಗೆ ಗೆಜ್ಜೆ ಕಟ್ಟಿದೆ. ನನಗೆ ಆಗ ಎಂಟು ವರ್ಷ. ಸಾಲೆಯಿಂದ ಬಂದು "ಬಾರೋ ಚೆನ್ನಾ" ಎಂದರೆ ಸಾಕು, ಎಲ್ಲಿದ್ದರೂ ನೆಗೆನೆಗೆದು ಬಂದು ನನ್ನ ಅಂಗೈಯ ಉಪ್ಪನ್ನು ನೆಕ್ಕುತ್ತಿದ್ದಿತು. ನಾಲಿಗೆ ಬೆಕ್ಕಿನ ನಾಲಿಗೆಯಷ್ಟು ಒರಟಲ್ಲ, ಕರುವಿನ ನಾಲಿಗೆಯಷ್ಟು ಮೆತ್ತಗೂ ಅಲ್ಲ. ಎರಡು ವರ್ಷ ಕಳೆಯುವಷ್ಟರಲ್ಲಿ ಕೊಂಬು ಒಂದೂವರೆ ಸುತ್ತು ತಿರುಚಿಕೊಂಡು ಬೆನ್ನು ಕಪ್ಪೇರತೊಡಗಿತು.

ಅತ್ತ ಹೊಲದಲ್ಲಿ ಚಿಗರಿಗಳ ಉಪದ್ರವ ಹೇಳತೀರದು. ಎಳೆಯ ಜೋಳ, ಹೆಸರು, ಕಡಲೆ ಒಂದೂ ಉಳಿಯುತ್ತಿರಲಿಲ್ಲ. ಅಪ್ಪ ರಾತ್ರಿಯೆಲ್ಲ ಡಬ್ಬಿ ಬಡಿದು ಕಾಯುತ್ತಿದ್ದರು. ಆ ವರ್ಷ ಸಾಲವೂ ಇದ್ದಿತು. 1971ರ ಸುಗ್ಗಿಗೆ ಮುಂಚೆ ಪಟ್ಟಣದ ಬಂದೂಕಿನವರೊಬ್ಬರು ಊರಿಗೆ ಬಂದರು. ಚೆನ್ನನನ್ನು ಕಂಡು ಅವರ ಕಣ್ಣರಳಿತು. "ಇದನ್ನೊಂದು ದಿನ ಕೊಡ್ರಿ, ನಿಮ್ಮ ಹೊಲದ ಕಾಟ ನಾ ಕಳೀತೇನಿ" ಎಂದರು. ನಮ್ಮದು ಮೂರು ತಲೆಮಾರಿನಿಂದ ಮಠಕ್ಕೆ ನಡೆದುಕೊಂಡ ಮನೆ. ಅಂಗಳದಲ್ಲಿ ಇರುವೆಯ ಸಾಲು ಕಂಡರೆ ದಾಟಿ ನಡೆಯುವವರು. ಅಪ್ಪ ಬಹಳ ಹೊತ್ತು ಸುಮ್ಮನಿದ್ದು, "ನಾವೇನು ಹೊಡಿಯೂದಿಲ್ಲಲ್ಲ. ಹೊಡಿಯವ್ರು ಹೊಡೀಲಿ" ಎಂದರು. ನನ್ನ ಕಡೆ ನೋಡಲಿಲ್ಲ.

ಮರುದಿನ ನಸುಕಿನಲ್ಲಿ ಚೆನ್ನನನ್ನು ಕರೆದುಕೊಂಡು ಹೋದವನು ನಾನೇ. ಅದು ಬೇರೆಯವರ ಹಿಂದೆ ಬರುತ್ತಿರಲಿಲ್ಲ. ಹೊರಡುವಾಗ ಆ ಗೃಹಸ್ಥರು ಗೆಜ್ಜೆಯನ್ನು ಬಿಚ್ಚಿಸಿದರು. ಬೀಳುನೆಲದಲ್ಲಿ ಗೂಟ ಹೊಡೆದು ಚೆನ್ನನನ್ನು ಉದ್ದ ಹಗ್ಗದಿಂದ ಕಟ್ಟಿ, ನಾವು ಕಣಿಕೆಯ ಬಣವೆಯ ಹಿಂದೆ ಕುಳಿತೆವು. ಆ ನೆಲಕ್ಕೆ ಒಡೆಯನಾದ ಒಂದು ಕರಿಯ ಗಂಡು ಇದ್ದಿತು. ಚಿಗರಿಯ ಗಂಡು ತನ್ನದೆಂದು ಗೊತ್ತುಮಾಡಿಕೊಂಡ ನೆಲಕ್ಕೆ ಬೇರೊಂದು ಗಂಡು ಬರುವುದನ್ನು ಸಹಿಸದು. ಚೆನ್ನ ತಲೆ ತಗ್ಗಿಸಿ ಮೇಯುತ್ತಿದ್ದುದರಿಂದ ಅದಕ್ಕೆ ಕೊಂಬು ಕಾಣುತ್ತಿರಲಿಲ್ಲವೇನೋ. ಆ ಗೃಹಸ್ಥರು ನನ್ನ ಕಿವಿಯಲ್ಲಿ, "ಒಮ್ಮೆ ಕರಿ" ಎಂದರು. ನಾನು ಮೆಲ್ಲಗೆ, "ಬಾರೋ ಚೆನ್ನಾ" ಎಂದೆ. ಚೆನ್ನ ತಲೆಯೆತ್ತಿತು. ದೂರದ ಕರಿಯ ಗಂಡು ಮೂತಿಯನ್ನು ಮೇಲಕ್ಕೆತ್ತಿ, ಕೊಂಬನ್ನು ಬೆನ್ನಿಗೆ ಒರಗಿಸಿ, ಕಿವಿ ಮಡಿಸಿ, ಗೊರಗೊರ ಸದ್ದು ಮಾಡುತ್ತ ಬಿಗಿನಡಿಗೆಯಿಂದ ನೇರವಾಗಿ ನಮ್ಮತ್ತ ನಡೆದು ಬಂದಿತು. ಅಷ್ಟು ಗಂಭೀರವಾದ ನಡಿಗೆಯನ್ನು ನಾನು ಆಮೇಲೆ ಕಂಡಿಲ್ಲ. ಗುಂಡಿನ ಸದ್ದಿಗೆ ಚೆನ್ನ ಬೆದರಿ ಹಗ್ಗ ಜಗ್ಗಿ ಬಿದ್ದಿತು, ಎದ್ದಿತು. ನಾನು ಓಡಿಹೋದೆ. ಅದು ನಡುಗುತ್ತಲೇ ನನ್ನ ಅಂಗೈಯನ್ನು ಹುಡುಕಿ ನೆಕ್ಕಿತು. ಅಂಗೈಯಲ್ಲಿ ಉಪ್ಪು ಇರಲಿಲ್ಲ.

ಆ ಸುಗ್ಗಿಯಲ್ಲಿ ಇನ್ನೂ ಮೂರು ಸಲ ಹೀಗೆ ನಡೆಯಿತು. ಜೂನ್ ತಿಂಗಳಲ್ಲಿ ನನ್ನನ್ನು ಮಠಕ್ಕೆ ವಿದ್ಯಾರ್ಥಿಯಾಗಿ ಕಳುಹಿಸಿದರು. ದಸರೆಗೆ ಊರಿಗೆ ಬಂದಾಗ ಗೂಟ ಬರಿದಾಗಿತ್ತು. ಹಿಂಡಿನ ಜೊತೆ ಹೋಯಿತು ಎಂದು ಅವ್ವ ಹೇಳಿದಳು. ನಾನು ಮರಳಿ ಕೇಳಲಿಲ್ಲ.

ಮಠದಲ್ಲಿ ಸಂಸ್ಕೃತಾಭ್ಯಾಸ ಮುಂದುವರಿದು, ಹದಿನೇಳರ ವಯಸ್ಸಿನಲ್ಲಿ ಮಾನಸೋಲ್ಲಾಸವನ್ನು ಓದುವ ಯೋಗ ಬಂದಿತು. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನು 12ನೆಯ ಶತಮಾನದ ಪೂರ್ವಾರ್ಧದಲ್ಲಿ ರಚಿಸಿದ ಮಹಾಗ್ರಂಥವದು. ಅದೇ ಕಲ್ಯಾಣದಲ್ಲಿ ಸ್ವಲ್ಪ ಕಾಲಾನಂತರ ಶರಣರು ನೆರೆದರು. ಅಡುಗೆ, ಆನೆ, ರತ್ನ, ಸಂಗೀತ ಮೊದಲಾದ ರಾಜಭೋಗಗಳೊಡನೆ ಮೃಗಯಾವಿನೋದವೂ ಅದರಲ್ಲಿದೆ. ಪಳಗಿಸಿದ ಮೃಗವನ್ನು ಮುಂದಿಟ್ಟು ಕಾಡಿನ ಮೃಗವನ್ನು ಬರಿಸುವ ಬಗೆಯನ್ನು ದೊರೆ ಅಲ್ಲಿ ನಿರೂಪಿಸಿದ್ದಾನೆ. ಹಳಗನ್ನಡದಲ್ಲಿ ಇಂಥ ಮೃಗಕ್ಕೆ 'ದೀವ' ಎಂದು ಹೆಸರು. ಆ ಮಾತಿನ ಅರ್ಥ ತಿಳಿದ ದಿನ ನಾನು ಪುಸ್ತಕವನ್ನು ಮುಚ್ಚಿಟ್ಟೆ. ಎರಡು ದಿನ ಪಾಠಕ್ಕೆ ಹೋಗಲಿಲ್ಲ. ಪೂಜ್ಯರು ಕರೆಸಿ ಕೇಳಿದರು. ಎಲ್ಲವನ್ನೂ ಹೇಳಿ ಅತ್ತೆ. ಅವರು ಸಮಾಧಾನದ ಮಾತು ಆಡಲಿಲ್ಲ. "ಆ ಭಾಗವನ್ನು ಓದಿ ಮುಗಿಸು. ಕನ್ನಡದಲ್ಲಿ ಅರ್ಥ ಬರೆದುಕೊಂಡು ಬಾ" ಎಂದಷ್ಟೇ ಅಪ್ಪಣೆ ಕೊಡಿಸಿದರು. ಬರೆದೆ. ಬರೆಯುತ್ತ ಹೋದಂತೆ ಒಂದು ವಿಷಯ ಸ್ಪಷ್ಟವಾಯಿತು: ದೊರೆ ಕಟುಕನಲ್ಲ, ಮೃಗಗಳ ಸ್ವಭಾವವನ್ನು ಚೆನ್ನಾಗಿ ಬಲ್ಲವನು. ಅವು ಏನನ್ನು ಬಯಸುತ್ತವೆ, ಯಾರನ್ನು ನಂಬುತ್ತವೆ, ಯಾವುದಕ್ಕೆ ಕೆರಳುತ್ತವೆ ಎಂಬುದು ಅವನಿಗೆ ಗೊತ್ತು. ಅಷ್ಟನ್ನೂ ಅವನು ಬಳಸಿದ್ದು ಅವುಗಳ ವಿರುದ್ಧವಾಗಿ.

ಮುಂದೆ ಇದೇ ವಿಷಯವನ್ನು ಹುಡುಕಿಕೊಂಡು ಓದುವುದು ನನಗೊಂದು ಗೀಳಾಯಿತು. ಅಕ್ಬರನ ಕಾಲದ ಐನ್-ಇ-ಅಕ್ಬರಿಯಲ್ಲಿ ಸಾಕಿದ ಚಿಗರಿಯ ಕೊಂಬಿಗೆ ಬಲೆ ಕಟ್ಟಿ ಬಿಡುವ ಕ್ರಮವಿದೆ; ಕಾದಲು ಬಂದ ಕಾಡಿನ ಗಂಡಿನ ಕೊಂಬು ಬಲೆಯಲ್ಲಿ ಸಿಕ್ಕಿಕೊಳ್ಳುತ್ತಿತ್ತು. ಜಹಾಂಗೀರನ ಬಳಿ ಮನ್ಸರಾಜ್ ಎಂಬ ಇಂಥ ಒಂದು ದೀವವಿದ್ದಿತು. ಅದು ಸತ್ತಾಗ ಬಾದಶಹನು ಇಂದಿನ ಪಾಕಿಸ್ತಾನದ ಶೇಖೂಪುರದಲ್ಲಿ ಅದಕ್ಕೆ ಗೋರಿ ಕಟ್ಟಿಸಿ, ಆ ಕಾಡಿನ ಜಿಂಕೆಗಳನ್ನು ಯಾರೂ ಬೇಟೆಯಾಡಬಾರದೆಂದು ಆಜ್ಞೆ ಹೊರಡಿಸಿದನು. ಹಿರನ್ ಮಿನಾರ್ ಎಂಬ ಆ ಸ್ತಂಭ ಇಂದಿಗೂ ನಿಂತಿದೆ. ಬೇಟೆಯ ಮೋಹದಲ್ಲಿ ಮುಳುಗಿದ್ದ ದೊರೆಗೆ ಆ ದಿನ ಏನನ್ನಿಸಿತೋ! ನಮ್ಮ ಚೆನ್ನನಿಗೆ ಒಂದು ಕಲ್ಲೂ ಇಲ್ಲ.

ಇಷ್ಟನ್ನೂ ಕೇಳಿದ ಗುಂಡ್ಲುಪೇಟೆಯ ಯಜಮಾನರು ನೊಂದುಕೊಂಡು, "ಶಾಸ್ತ್ರಿಗಳೆ, ಅಲ್ಲಿ ಬಂದೂಕಿತ್ತು. ನಮ್ಮದು ದಾಸೋಹದ ಭಾವವಲ್ಲವೆ? ಹಸಿದ ಜೀವಕ್ಕೆ ಹಿಡಿ ಹುರುಳಿ, ಹರಳು ಉಪ್ಪು" ಎಂದರು. ಪ್ರಾಮಾಣಿಕವಾದ ಪ್ರಶ್ನೆ. ಸುಲಭವಾಗಿ ತಳ್ಳಿಹಾಕುವಂಥದಲ್ಲ.

ನಾನು ಹೇಳಿದ್ದು ಇಷ್ಟು. ಹುಲ್ಲು ಸೊಪ್ಪುಗಳಲ್ಲಿ ಉಪ್ಪಿನಂಶ ಅತಿ ಕಡಿಮೆ. ಆದ್ದರಿಂದ ಮೇಯುವ ಪ್ರಾಣಿಗಳು ಚೌಳುಮಣ್ಣನ್ನು ಹುಡುಕಿಕೊಂಡು ಹೋಗಿ ನೆಕ್ಕುತ್ತವೆ. ಕಾಡಿನಲ್ಲಿ ಅಂಥ ತಾಣಗಳು ತಾವಾಗಿಯೇ ಇರುತ್ತವೆ. ಇದನ್ನು ಬಲ್ಲ ಬೇಟೆಗಾರರು ಹಿಂದೆ ಉಪ್ಪುನೆಲದ ಮೇಲೆ, ನೀರಿನ ಹೊಂಡದ ಮೇಲೆ ಅಟ್ಟಣೆ ಕಟ್ಟುತ್ತಿದ್ದರು. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆ ಬಂದಾಗ, ಪರವಾನಗಿಯ ಬೇಟೆಗೆ ಇನ್ನೂ ಅವಕಾಶವಿದ್ದರೂ, ಉಪ್ಪುನೆಲದಲ್ಲಿ, ನೀರಿನ ತಾಣದಲ್ಲಿ, ಅಲ್ಲಿಗೆ ಹೋಗುವ ದಾರಿಯಲ್ಲಿ ಮೃಗಗಳನ್ನು ಹೊಡೆಯಕೂಡದೆಂದು ಬರೆದರು. 1991ರ ತಿದ್ದುಪಡಿಯಿಂದ ಆ ಪರವಾನಗಿಗಳೇ ಹೋದವು. ಕಾಯಿದೆಯ ಈಗಿನ ರೂಪದಲ್ಲಿ ಬೇಟೆ ಎಂಬ ಪದದ ವ್ಯಾಖ್ಯೆಯಲ್ಲಿಯೇ ಆಮಿಷವೊಡ್ಡುವುದೂ ಸೇರಿದೆ. ಕೊಲ್ಲುವುದಕ್ಕೂ ಆಮಿಷವೊಡ್ಡುವುದಕ್ಕೂ ನಡುವೆ ನಮ್ಮ ಅಪ್ಪ ಎಳೆದುಕೊಂಡಿದ್ದ ಗೆರೆಯನ್ನು ಕಾನೂನು ಒಪ್ಪಲಿಲ್ಲ. ತೋಟದ ಯಜಮಾನರ ಉದ್ದೇಶ ಅದಲ್ಲ, ಬಲ್ಲೆ. ಆದರೆ ಮನುಷ್ಯನ ಕೈಯನ್ನು ನಂಬಲು ಕಲಿತ ಜಿಂಕೆ ಯಾವ ಕೈ ಎಂದು ವಿಚಾರಿಸುವುದಿಲ್ಲ. ಅದೇ ಬಂಡೆಯ ದಾರಿಯಲ್ಲಿ ನಾಳೆ ಯಾವನಾದರೂ ತಂತಿಯ ಉರುಳು ಕಟ್ಟಿದರೆ, ಅದನ್ನು ಅಲ್ಲಿಗೆ ಬರಿಸಿದವರು ಯಾರು?

ಬಂದೂಕಿಲ್ಲದೆಯೂ ಕೇಡುಂಟು. ಒಂದೇ ಬಂಡೆಯನ್ನು ಹತ್ತು ಬಾಯಿಗಳು ನೆಕ್ಕುತ್ತವೆ. ಹಗಲಲ್ಲಿ ತೋಟದ ದನಗಳೂ ಅದನ್ನೇ ನೆಕ್ಕುತ್ತಿದ್ದುದನ್ನು ನಾನು ಕಂಡೆ. ಕಾಲುಬಾಯಿ ಜ್ವರದಂಥ ರೋಗ ಹರಡಲು ಬೇರೆ ದಾರಿ ಬೇಕಿಲ್ಲ. 1968ರಲ್ಲಿ ದನಗಳ ದೊಡ್ಡರೋಗ ಬಂಡೀಪುರ, ಮುದುಮಲೈ ಕಾಡುಗಳಿಗೆ ತಗುಲಿ ಕಾಟಿಗಳು ಹೇರಳವಾಗಿ ಸತ್ತುದನ್ನು ಆ ಭಾಗದ ಹಿರಿಯರು ಮರೆತಿರಲಾರರು. ಹುರುಳಿಯಂಥ ಕಾಳನ್ನು ಒಮ್ಮೆಲೇ ತಿಂದರೆ ಮೆಲುಕು ಹಾಕುವ ಪ್ರಾಣಿಯ ಹೊಟ್ಟೆ ಕೆಡುತ್ತದೆ, ಸಾಯುವುದೂ ಉಂಟು. ಜಿಂಕೆ ಬಂದಲ್ಲಿಗೆ ಅದರ ಹಿಂದೆ ಚಿರತೆ ಬರುತ್ತದೆ, ಅಲ್ಲಿಯೇ ಆ ಹುಡುಗ ಮಂಕರಿ ಹಿಡಿದು ನಿಂತಿರುತ್ತಾನೆ. ಪಕ್ಕದ ಹೊಲದವರ ಬೆಳೆಯ ಮಾತು ಬೇರೆ. ಅದರ ಸಂಕಟ ನನಗೆ ಅಪ್ಪನ ಡಬ್ಬಿಯ ಸದ್ದಿನಿಂದ ಗೊತ್ತು.

"ಹಾಗಾದರೆ ನೋಡುವುದೇ ತಪ್ಪೆ?" ಎಂದರು ಯಜಮಾನರು. ಖಂಡಿತ ಅಲ್ಲ. ನಮ್ಮ ಸೀಮೆಯಲ್ಲಿ 1974ರಲ್ಲಿ 119 ಚದರ ಕಿಲೋಮೀಟರಿನ ರಾಣೆಬೆನ್ನೂರು ಕೃಷ್ಣಮೃಗ ಅಭಯಾರಣ್ಯವಾಯಿತು. ಬಂದೂಕಿನವರು ಬಂದ ಮೂರೇ ವರ್ಷದ ತರುವಾಯ! ವರ್ಷಕ್ಕೊಮ್ಮೆ ನಾನು ಅಲ್ಲಿಗೆ ಹೋಗುತ್ತೇನೆ. ಬೆಳಗಿನ ಜಾವ ಗಾಳಿ ಅವುಗಳ ಕಡೆಯಿಂದ ನಮ್ಮ ಕಡೆಗೆ ಬೀಸುವಂತೆ ಕುಳಿತು, ಬಿಳಿಯ ಧೋತರದ ಮೇಲೆ ಮಾಸಿದ ಕಂಬಳಿ ಹೊದ್ದು, ಅಲುಗಾಡದೆ ಇದ್ದರೆ ಸಾಕು. ಅವು ತಮ್ಮ ಕೆಲಸಕ್ಕೆ ತಾವು ಬರುತ್ತವೆ. ಕೆಲವು ದಿನ ಬರುವುದಿಲ್ಲ. ಬಾರದ ದಿನ ನನಗೆ ಒಂದು ಬಗೆಯ ನೆಮ್ಮದಿಯೇ ಆಗುತ್ತದೆ ಎಂದರೆ ವಾಚಕರು ನಗಬಹುದು.

ಹೊರಡುವ ಮುನ್ನ ಆ ಹುಡುಗನನ್ನು ಹತ್ತಿರ ಕರೆದು, "ಜಿಂಕೆ ಕೈ ನೆಕ್ಕಿದರೆ ಹೇಗಾಗುತ್ತದಪ್ಪ?" ಎಂದು ಕೇಳಿದೆ. "ಕಚಗುಳಿ ಆಯ್ತದೆ ತಾತ" ಎಂದು ನಕ್ಕನು. ಅವನಿಗೆ ಚೆನ್ನನ ಕಥೆಯನ್ನು ಹೇಳಬೇಕೆಂದು ಬಾಯಿ ತೆರೆದವನು, ಅಷ್ಟು ಚಿಕ್ಕವನಿಗೆ ಬೇಡವೆಂದು ಸುಮ್ಮನಾದೆ. ಸರಿಮಾಡಿದೆನೋ ಇಲ್ಲವೋ ತಿಳಿಯದು.

ಜ್ಯೇಷ್ಠಮಾಸದಲ್ಲಿ ಯಜಮಾನರ ಪತ್ರ ಬಂದಿತು. ಬಂಡೆಯನ್ನು ತೊಳೆಯಿಸಿ ಉಪ್ಪು ಹುರುಳಿಗಳನ್ನು ನಿಲ್ಲಿಸಿದ್ದಾರಂತೆ. ಕುಳಿತುಕೊಳ್ಳುವ ಕಲ್ಲುಹಾಸನ್ನು ದೂರದ ದಿಣ್ಣೆಯ ಮೇಲಕ್ಕೆ ಒಯ್ದಿದ್ದಾರೆ. ಕೆಳಗಿನ ಕೆರೆಗೆ ಇಳಿಯುವ ಕಾಲುದಾರಿ ಅಲ್ಲಿಂದ ಕಾಣುತ್ತದೆ. ಅತಿಥಿಗಳು ಗೊಣಗುತ್ತಾರೆಂದೂ ಇಬ್ಬರು ಬರುವುದನ್ನೇ ಬಿಟ್ಟರೆಂದೂ ಬರೆದಿದ್ದರು. ಮೊದಲ ವಾರವೆಲ್ಲ ಜಿಂಕೆಗಳು ಸಂಜೆ ಬಂಡೆಯ ಬಳಿ ಬಂದು, ಬರಿಯ ಕಲ್ಲನ್ನು ಮೂಸಿ ನೋಡಿ ಹೋಗುತ್ತಿದ್ದವಂತೆ. ಈಗ ಅಲ್ಲಿಗೆ ಬರುವುದಿಲ್ಲ. ಕೆರೆಯ ದಾರಿಯಲ್ಲಿ ಒಂದು ಸಂಜೆ ಮೂರು ಕಂಡವು, ಮುಂದಿನ ಎರಡು ಸಂಜೆ ಒಂದೂ ಕಾಣಲಿಲ್ಲ. ಹುಡುಗ ಮಾತ್ರ ಸಾಲೆ ಬಿಟ್ಟೊಡನೆ ದಿಣ್ಣೆ ಹತ್ತಿ ಕುಳಿತಿರುತ್ತಾನಂತೆ.