ಪಾಲಾರಿನ ಆಚೆ ದಡ

ನುಂಗಂಬಾಕ್ಕಂ ಸ್ಟೇಷನ್ನಿನಲ್ಲಿ ರೈಲು ಹತ್ತಿ, ಚೆಂಗಲ್ಪಟ್ಟಿನ ಮೇಲೆ ಪಳಯಸೀವರಂನಲ್ಲಿಳಿದರೆ, ಪಾಲಾರಿನ ಆಚೆ ದಡದಲ್ಲಿ ತಿರುಮುಕ್ಕೂಡಲ್. ವೈದ್ಯಕೀಯ ಓದುತ್ತಿರುವ ಮಗಳನ್ನು ಒತ್ತಾಯದಿಂದಲೇ ಕರೆದುಕೊಂಡು ಹೋದೆ. ಅಲ್ಲಿನ ಪೆರುಮಾಳ್ ಗುಡಿಯ ಗೋಡೆಯಲ್ಲಿ ವೀರರಾಜೇಂದ್ರ ಚೋಳನ ಕಾಲದ, ಸುಮಾರು 1069ರ, ಉದ್ದನೆಯ ಶಾಸನವಿದೆ. ಅದನ್ನು ಓದಿ 'ಎಪಿಗ್ರಾಫಿಯಾ ಇಂಡಿಕಾ'ದಲ್ಲಿ ಪ್ರಕಟಿಸಿದವರು ಕೆ. ವಿ. ಸುಬ್ರಹ್ಮಣ್ಯ ಅಯ್ಯರ್. ಗುಡಿಗೆ ಸೇರಿದಂತೆ ವೇದಪಾಠಶಾಲೆ, ವಿದ್ಯಾರ್ಥಿಗಳ ವಸತಿ, 15 ಹಾಸಿಗೆಗಳ ಆಸ್ಪತ್ರೆ! ವೈದ್ಯನಿಗೆ ವರ್ಷಕ್ಕೆ 90 ಕಲಂ ಭತ್ತ, 8 ಕಾಸು. ಶಸ್ತ್ರ ಹಿಡಿಯುವವನಿಗೆ 30 ಕಲಂ ಮಾತ್ರ. "ಈಗ ತಿರುವುಮುರುವಪ್ಪಾ" ಎಂದು ಮಗಳು ನಕ್ಕಳು.

ನನ್ನ ಮನಸ್ಸು ಮಾತ್ರ ನಮ್ಮ ಶಿಕಾರಿಪುರ ಸೀಮೆಯ ಬಳ್ಳಿಗಾವಿಗೆ ಓಡಿತ್ತು. ಅಲ್ಲಿನ ಕೋಡಿಯ ಮಠದ 1162ರ ಶಾಸನವನ್ನು ಬಿ. ಎಲ್. ರೈಸ್ ಸಾಹೇಬರು 'ಎಪಿಗ್ರಾಫಿಯಾ ಕರ್ನಾಟಿಕಾ'ದ ಏಳನೆಯ ಸಂಪುಟದಲ್ಲಿ ಅಚ್ಚು ಹಾಕಿಸಿದರು. ಕಾಳಾಮುಖ ಶೈವರ ಮಠವದು. ಆದರೂ ವೇದದ ಜೊತೆಗೆ ಜೈನನಾದ ಶಾಕಟಾಯನನ ವ್ಯಾಕರಣ, ಬೌದ್ಧ ದರ್ಶನ ಎಲ್ಲಕ್ಕೂ ಅಲ್ಲಿ ಎಡೆಯಿತ್ತು. ದಿಕ್ಕಿಲ್ಲದವರಿಗೆ ಅನ್ನ, ರೋಗಿಗಳಿಗೆ ಔಷಧ. ಜೈನರೂ ಆಹಾರ, ಅಭಯಗಳ ಸಾಲಿನಲ್ಲೇ ಔಷಧವನ್ನೂ ಶಾಸ್ತ್ರವನ್ನೂ ದಾನವೆಂದು ಎಣಿಸಿದವರು. ದಾನಚಿಂತಾಮಣಿ ಅತ್ತಿಮಬ್ಬೆ ಪೊನ್ನನ ಶಾಂತಿಪುರಾಣದ ಸಾವಿರ ಪ್ರತಿ ಬರೆಸಿ ಹಂಚಿದಳೆನ್ನುವುದು ನಿಮಗೆಲ್ಲ ಗೊತ್ತಿದ್ದದ್ದೇ. ಅಕ್ಷರ, ಮದ್ದು ಎರಡೂ ಒಂದೇ ಬಾಗಿಲಲ್ಲಿ ಸಿಗುತ್ತಿದ್ದ ಕಾಲ.

ತಿರುಮುಕ್ಕೂಡಲಿನ ಮದ್ದಿನ ಪಟ್ಟಿಯಲ್ಲಿ ದಶಮೂಲ ಹರೀತಕಿ, ಬಿಲ್ವಾದಿ ಘೃತ, ಕಲ್ಯಾಣಕ ಲವಣ ಎಂಬ ಹೆಸರುಗಳಿವೆ. ಅಚ್ಚಾದ ಪಾಠವನ್ನು ನೋಡಿಕೊಂಡು ಓದುತ್ತಿದ್ದ ನಾನು ತಟ್ಟನೆ ನಿಂತೆ. ಬಿಲ್ವಾದಿ ಘೃತ ನಮ್ಮಜ್ಜನ ಪುಸ್ತಕದಲ್ಲೂ ಇದೆ! ಅಜ್ಜ ಊರಲ್ಲಿ ನಾಡಿ ನೋಡುತ್ತಿದ್ದವರು. ಅವರ ಕೈಬರಹದ ಮದ್ದಿನ ಪುಸ್ತಕ ನಮ್ಮ ಮನೆಯ ಬೀರುವಿನಲ್ಲಿ, ಹಳೇ ರೇಷ್ಮೆ ಸೀರೆಗಳ ಕೆಳಗೆ, ಇಪ್ಪತ್ತು ವರ್ಷದಿಂದ ಮಲಗಿದೆ. ನಾನು ತೆಗೆದವನಲ್ಲ. ಮಗಳಿಗೆ ತೆಗೆದರೂ ಓದಲು ಬಾರದು. ಶಾಲೆಯಲ್ಲಿ ತಮಿಳು ಕಲಿತಳು. ಮನೆಯಲ್ಲಿ ಕನ್ನಡ ಬರೀ ಬಾಯಿಮಾತಾಯಿತು. ಸಂಜೆ ಆಫೀಸಿನಿಂದ ಬಂದು ಅ ಆ ಇ ಈ ತಿದ್ದಿಸಲು ನನಗೆ ಪುರುಸೊತ್ತಿರಲಿಲ್ಲವೆಂದು ಹೇಳಿಕೊಳ್ಳುತ್ತೇನೆ. ಸೋಮಾರಿತನವೆಂದರೆ ಹೆಚ್ಚು ನಿಜ.

ಅಂದು ರಾತ್ರಿ ಅವಳೇ ಪುಸ್ತಕ ತೆಗೆದು ನನ್ನ ಮುಂದಿಟ್ಟಳು. "ನೀವು ಓದಿ, ನಾನು ಬರೆದುಕೊಳ್ಳುತ್ತೇನೆ." ಅಜ್ಜನ ಕೂಡಕ್ಷರ ಬಿಡಿಸುವುದರಲ್ಲಿ ನಾನೇ ತಡವರಿಸಿದೆ. ಕೆಮ್ಮಿನ ಕಷಾಯಕ್ಕೆ ಬಂದೆ: ಹಿಪ್ಪಲಿ ಒಂದು ರೂಪಾಯಿ ತೂಕ.

"ಯಾವ ರೂಪಾಯಿ ಅಪ್ಪಾ?"

ಅಮ್ಮನ ಕುಂಕುಮದ ಭರಣಿಯಲ್ಲೊಂದು ಹಳೆಯ ಬೆಳ್ಳಿ ರೂಪಾಯಿ ಇತ್ತು. ಇಬ್ಬರೂ ಎದ್ದು ತಕ್ಕಡಿ ಹುಡುಕಿದೆವು.