ಕರಿಯನೂ ಆಗುಂಬೆಯ ತಿರುವುಗಳೂ

ತೀರ್ಥಹಳ್ಳಿಯ ಮನೆಯನ್ನು ತೆರವು ಮಾಡಿ ಉಡುಪಿಯ ಮಗಳ ಮನೆ ಸೇರುವುದೆಂದು ನಿಶ್ಚಯವಾದಾಗ, ಸಾಮಾನುಗಳಿಗಿಂತ ದೊಡ್ಡ ಸಮಸ್ಯೆಯಾದವನು ನಮ್ಮ ಕರಿಯ. ಕಾರಿನ ಬಾಗಿಲು ತೆರೆದರೆ ಸಾಕು, ಜೊಲ್ಲು ಸುರಿಸುವನು; ನಾಲ್ಕು ಮೈಲಿ ಹೋಗುವಷ್ಟರಲ್ಲಿ ವಾಂತಿ. ನಡುವೆ ಆಗುಂಬೆ ಘಾಟಿಯ ಹದಿನಾಲ್ಕು ತಿರುವುಗಳು ಬೇರೆ! "ನಾಯಿಯನ್ನು ಇಲ್ಲೇ ಯಾರಿಗಾದರೂ ಒಪ್ಪಿಸಿಬಿಡಿ ಮೇಷ್ಟ್ರೇ" ಎಂದರು ನೆರೆಯವರು. ನನ್ನಾಕೆ ಆ ಮಾತಿಗೆ ಉತ್ತರವನ್ನೇ ಕೊಡಲಿಲ್ಲ.

ಹತ್ತನೆಯ ತರಗತಿಯಲ್ಲಿ ನಾನು ಬರೆಸಿದ ಕಿವಿಯ ಚಿತ್ರ ನಿಮ್ಮಲ್ಲಿ ಕೆಲವರಿಗಾದರೂ ನೆನಪಿರಬಹುದು. ಒಳಗಿವಿಯ ಅರ್ಧವೃತ್ತಾಕಾರದ ನಾಳಗಳಲ್ಲಿನ ದ್ರವ ಚಲನೆಯನ್ನು ಮಿದುಳಿಗೆ ತಿಳಿಸುತ್ತದೆ. ಕಣ್ಣಿಗೆ ಕಾಣುವ ಆಸನ ಮಾತ್ರ ಅಲುಗದೆ ನಿಂತಿರುತ್ತದೆ. ಈ ಎರಡು ವರದಿಗಳು ತಾಳೆಯಾಗದಿರುವುದೇ ಓಕರಿಕೆಗೆ ಮೂಲ. ಮರಿಗಳಲ್ಲಿ ಇದು ಹೆಚ್ಚು. ಬೆಳೆದಂತೆ ಅನೇಕ ನಾಯಿಗಳಿಗೆ ತಾನಾಗಿ ವಾಸಿಯಾಗುತ್ತದೆ. ಐದು ವರ್ಷದ ಕರಿಯನಿಗೆ ಆಗಿರಲಿಲ್ಲ. ಇಂಜಿನ್ ಚಾಲೂ ಆಗುವ ಮೊದಲೇ ಜೊಲ್ಲು ಸುರಿಯುತ್ತಿದ್ದುದರಿಂದ, ಅವನಲ್ಲಿ ಕಿವಿಯ ದೋಷಕ್ಕಿಂತ ಹಳೆಯ ವಾಂತಿಗಳ ಭಯವೇ ಹೆಚ್ಚೆಂದು ಪಶುವೈದ್ಯರು ಹೇಳಿದರು.

ಭಯಕ್ಕೆ ಮದ್ದು ಮಾಡಿದವಳು ನನ್ನಾಕೆ. ಮೂರು ವಾರ ಅವನ ಊಟದ ತಟ್ಟೆ ನಿಂತ ಕಾರಿನ ಪಕ್ಕದಲ್ಲಿ, ಆಮೇಲೆ ಕಾರಿನೊಳಗೆ. ಬಳಿಕ ಇಂಜಿನ್ ಮಾತ್ರ ಚಾಲೂ ಮಾಡಿ, ಅವನ ಬಳಿ ಕುಳಿತು ಅಕ್ಕಿ ಆರಿಸುತ್ತಿದ್ದಳು. ಆನಂತರ ಬೀದಿಯ ಕೊನೆಯವರೆಗೆ, ಕಡೆಗೆ ತುಂಗೆಯ ಸೇತುವೆಯವರೆಗೆ. ಮೂವತ್ತು ವರ್ಷ ಪಾಠ ಹೇಳಿದ ನನಗೂ ಅಷ್ಟು ತಾಳ್ಮೆ ಇರಲಿಲ್ಲವೆಂದು ಕಾಣುತ್ತದೆ.

ವೈದ್ಯರು ತೂಕ ನೋಡಿ ಮಾರೋಪಿಟಂಟ್ ಎಂಬ ಮಾತ್ರೆಯನ್ನು ಬರೆದುಕೊಟ್ಟಿದ್ದರು. ಮಿದುಳಿನ ವಾಂತಿಕೇಂದ್ರಕ್ಕೆ ಹೋಗುವ ಸಂಕೇತವನ್ನು ಅದು ತಡೆಯುತ್ತದೆ. ಹೊರಡುವ ಎರಡು ಗಂಟೆ ಮೊದಲೇ ಕೊಡಬೇಕು. ಮನೆಯಲ್ಲಿರುವ ನಮ್ಮ ಮಾತ್ರೆಗಳನ್ನು ಅಂದಾಜಿನಲ್ಲಿ ನಾಯಿಗೆ ನುಂಗಿಸಕೂಡದೆಂದು ಅವರು ಎರಡೆರಡು ಬಾರಿ ಎಚ್ಚರಿಸಿದರು. ಹಿಂದಿನ ರಾತ್ರಿಯ ಊಟದ ನಂತರ ಹೊಟ್ಟೆ ತುಂಬ ಏನನ್ನೂ ಕೊಡಲಿಲ್ಲ. ನೀರು ಮಾತ್ರ ತಡೆಯಲಿಲ್ಲ.

ಬೆಳಗಿನ ತಂಪಿನಲ್ಲಿ ಹೊರಟೆವು. ಹಿಂದಿನ ಆಸನದಲ್ಲಿ ಮುಂದಕ್ಕೆ ಮುಖಮಾಡುವಂತೆ ಎದೆಪಟ್ಟಿ ಬಿಗಿದು, ಕಿಟಕಿಗಳನ್ನು ಎರಡು ಅಂಗುಲ ಇಳಿಸಿದ್ದೆವು. ಆಗುಂಬೆಯಲ್ಲಿ ಇಳಿಸಿ ಕಾಲು ಗಂಟೆ ನಡೆಸಿದೆವು. ಏಳೆಂಟು ತಿರುವು ಕಳೆದಾಗ ಆಕಳಿಸಿ ತುಟಿ ನೆಕ್ಕತೊಡಗಿದ. ಅದು ಓಕರಿಕೆಯ ಮುನ್ಸೂಚನೆ. ಅಳಿಯಂದಿರು ವೇಗ ತಗ್ಗಿಸಿದರು. ಸೋಮೇಶ್ವರ ತಲುಪಿದಾಗ ಕರಿಯ ಒಣಗಿದ ಬಾಯಿಯಲ್ಲೇ ಇಳಿದು ಬಾಲವಾಡಿಸಿದ. ತಲೆ ತಿರುಗಿ ನಿಂಬೆಹಣ್ಣು ಮೂಸುತ್ತ ಕುಳಿತವನು ನಾನು!