ಸಂಕಲನ: ರೇಣು ಸಲೂಜಾ

ಚಲನಚಿತ್ರದ ಆರಂಭದಲ್ಲಿ ತೆರೆಯ ಮೇಲೆ ಹಾಯ್ದುಹೋಗುವ ಹೆಸರುಗಳನ್ನು ಓದುವ ಅಭ್ಯಾಸ ನನಗಿರಲಿಲ್ಲ. ಅದನ್ನು ಕಲಿಸಿದವನು ನನ್ನ ಶಿಷ್ಯನೇ. ಎಂಟನೆಯ ತರಗತಿಯಲ್ಲಿ ನನ್ನಿಂದ ಕನ್ನಡ ಕಲಿತ ಆತ ಮುಂದೆ ಕಡಿಮೆ ಬಂಡವಾಳದ ಚಿತ್ರಗಳ ಸಂಕಲನಕಾರರೊಬ್ಬರ ಬಳಿ ಸಹಾಯಕನಾದ. 2000ದ ಆಗಸ್ಟ್‌ನಲ್ಲಿ ರೇಣು ಸಲೂಜಾ ತಮ್ಮ 48ನೆಯ ವಯಸ್ಸಿನಲ್ಲಿ ತೀರಿಕೊಂಡರು. ಕೆಲವು ವಾರಗಳ ನಂತರ ನಮ್ಮ ಮನೆಗೆ ಬಂದವನು 'ಜಾನೇ ಭೀ ದೋ ಯಾರೋ' ಚಿತ್ರದ ಕ್ಯಾಸೆಟ್ ಹಾಕಿ, ಅವರ ಹೆಸರು ಬಂದೊಡನೆ ಚಿತ್ರವನ್ನು ನಿಲ್ಲಿಸಿ, "ಇದನ್ನು ಓದಿ, ಮೇಷ್ಟ್ರೇ" ಎಂದ.

ಕುಂದನ್ ಶಾ ನಿರ್ದೇಶಿಸಿದ, 1983ರಲ್ಲಿ ತೆರೆಕಂಡ ಆ ಚಿತ್ರಕ್ಕೆ ಹಣ ಒದಗಿಸಿದ್ದು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ. ತಗುಲಿದ ವೆಚ್ಚ ಸುಮಾರು 7 ಲಕ್ಷ ರೂಪಾಯಿ. ನಸೀರುದ್ದೀನ್ ಶಾ ಕೈಯಲ್ಲಿ ಕಾಣುವ ಕ್ಯಾಮೆರಾ ಕೂಡ ಅವರ ಸ್ವಂತದ್ದೇ! ಇಂಥ ಬಡ ಚಿತ್ರಗಳಲ್ಲಿ ಸಂಕಲನಕಾರರ ಪಾಡನ್ನು ಆತ ವಿವರಿಸಿದ. 35 ಮಿ.ಮೀ. ಫಿಲಂ ನಿಮಿಷಕ್ಕೆ 90 ಅಡಿ ಓಡುತ್ತದೆ; ಪ್ರತಿ ಅಡಿಗೂ ದುಡ್ಡು. ಆದ್ದರಿಂದ ದೃಶ್ಯವನ್ನು ಒಂದೆರಡು ಸಲಕ್ಕಿಂತ ಹೆಚ್ಚು ಚಿತ್ರೀಕರಿಸುವುದಿಲ್ಲ. ಏನಾದರೂ ಬಿಟ್ಟುಹೋದರೆ ಮತ್ತೆ ತೆಗೆಯುವ ಮಾತಿಲ್ಲ. ಮೇಜಿನ ಮುಂದೆ ಕುಳಿತವರು ಇದ್ದುದರಲ್ಲೇ ಕಥೆಯನ್ನು ಹೊಂದಿಸಬೇಕು.

ಅಷ್ಟು ಕಷ್ಟಪಟ್ಟು ತೆಗೆದದ್ದನ್ನೂ ಕತ್ತರಿಸಬೇಕಾಗುತ್ತದೆ. ಆ ಚಿತ್ರದಲ್ಲಿ ಅನುಪಮ್ ಖೇರ್ 'ಡಿಸ್ಕೊ ಕಿಲ್ಲರ್' ಎಂಬ ಪಾತ್ರವನ್ನು ಮಾಡಿದ್ದರಂತೆ. ಚಿತ್ರ ವಿಪರೀತ ಉದ್ದವಾಯಿತೆಂದು ಇಡೀ ಪಾತ್ರವೇ ಹೋಯಿತು. ನೋಡಿ ನಕ್ಕವರಾರಿಗೂ ಅದರ ಕೊರತೆ ಕಾಣಲಿಲ್ಲ. ರೇಣು ಅವರಿಗೆ ನಾಲ್ಕು ಬಾರಿ ರಾಷ್ಟ್ರಪ್ರಶಸ್ತಿ ಬಂದಿತು. 'ಪರಿಂದಾ', 'ಬ್ಯಾಂಡಿಟ್ ಕ್ವೀನ್' ಚಿತ್ರಗಳ ಸಂಕಲನವೂ ಅವರದೇ. ಆದರೂ ಅವರ ಹೆಸರನ್ನು ನಾನು ಕೇಳಿದ್ದು ಅಂದೇ.

"ಬೇಡದ್ದನ್ನು ತೆಗೆಯುವುದು ದೊಡ್ಡ ವಿದ್ಯೆಯಪ್ಪಾ" ಎಂದೆ, ಜೀವನವಿಡೀ ಕೆಂಪು ಶಾಯಿ ಹಿಡಿದವನ ಠೀವಿಯಲ್ಲಿ.

ಆತ ನಕ್ಕ. "ನೀವು ನನ್ನದೂ ಒಂದು ಪುಟ ತೆಗೆದಿದ್ದಿರಿ. 'ನಮ್ಮೂರ ಜಾತ್ರೆ' ಪ್ರಬಂಧದಲ್ಲಿ. ಅಂಚಿನಲ್ಲಿ 'ವಿಷಯಾಂತರ' ಎಂದು ಬರೆದಿದ್ದಿರಿ."

ಆ ಪ್ರಬಂಧಕ್ಕೆ ತಾಲ್ಲೂಕು ಮಟ್ಟದಲ್ಲಿ ಬಹುಮಾನ ಬಂದದ್ದು ನನಗೆ ನೆನಪಿತ್ತು, ಪುಟ ನೆನಪಿರಲಿಲ್ಲ.

"ಸಂಕಲನದ ಕೋಣೆಯಲ್ಲಿ ಕತ್ತರಿಸಿದ ತುಂಡನ್ನು ಎಸೆಯುವುದಿಲ್ಲ, ಮೇಷ್ಟ್ರೇ. ಗುರುತು ಹಾಕಿ ಕೊಕ್ಕೆಗೆ ತೂಗುಹಾಕುತ್ತೇವೆ. ನಿರ್ದೇಶಕರು ಬಂದು ನೋಡಿ, ಬೇಕು ಎಂದರೆ ಮತ್ತೆ ಅಂಟಿಸುತ್ತೇವೆ."

ನಾನು ಆ ಹುಡುಗನನ್ನು ಒಂದು ಮಾತೂ ಕೇಳಿರಲಿಲ್ಲ. ಅದರಲ್ಲಿ ಏನಿತ್ತೆಂದು ಅಂದು, ಹದಿನಾರು ವರ್ಷ ತಡವಾಗಿ, ಕೇಳಿದೆ.

ತೇರಿನ ದಿನ ಆತನ ತಂದೆ ದೇವಸ್ಥಾನದ ಹೊರಗೆ ಭಕ್ತರ ಚಪ್ಪಲಿ ಕಾಯುತ್ತಿದ್ದರಂತೆ. ತೇರು ತಿರುಗಿ ಬರುವ ಹೊತ್ತಿಗೆ ಮಗನನ್ನು ಚಪ್ಪಲಿಗಳ ಬಳಿ ಕೂರಿಸಿ, ಗೋಡೆಯ ಅಂಚಿನವರೆಗೆ ಓಡಿಹೋಗಿ, ಕಳಸವನ್ನಷ್ಟೇ ನೋಡಿ ಬರುತ್ತಿದ್ದರಂತೆ.